ಮೊದಲು ಪಟ್ಟಿ, ಆಮೇಲೆ ಆಪ್ಶನ್: ನೌಕರರ ಹಂಚಿಕೆ ಮಾಡಿದ ನನ್ನ ಅನುಭವ

ರಾಜ್ಯ ಒಡೆದಾಗ ಜನ ಮಾತಾಡುವುದು ಗಡಿಯ ಬಗ್ಗೆ, ನದಿ ನೀರಿನ ಬಗ್ಗೆ, ರಾಜಧಾನಿ ಯಾರ ಪಾಲಿಗೆ ಎಂಬುದರ ಬಗ್ಗೆ. ಕಚೇರಿಯ ಗುಮಾಸ್ತ, ಹಳ್ಳಿಯ ತಲಾಟಿ, ದವಾಖಾನೆಯ ಕಂಪೌಂಡರ್ ಯಾವ ಸರಕಾರದ ನೌಕರರಾಗುತ್ತಾರೆ, ಅಲ್ಲಿಯವರೆಗೆ ಗಳಿಸಿದ ಹಿರಿತನ ಏನಾಗುತ್ತದೆ ಎಂದು ಕೇಳುವವರು ಆ ನೌಕರರ ಮನೆಯವರು ಮಾತ್ರ. ನನ್ನ ನೌಕರಿಯ ಬಹುಭಾಗ ಕಳೆದದ್ದು ಧಾರವಾಡದಲ್ಲಿ, ಕಂದಾಯ ಇಲಾಖೆಯ ಸಿಬ್ಬಂದಿ ಶಾಖೆಯಲ್ಲಿ. ಈ ಹಂಚಿಕೆಯ ಆರಂಭವನ್ನೂ ಅದರ ಕೊನೆಯನ್ನೂ ನಾನು ಕಡತ ಹಿಡಿದು ನೋಡಿದ್ದೇನೆ. 1956ರಲ್ಲಿ ಮುಂಬೈ ರಾಜ್ಯದಿಂದ ಮೈಸೂರು ರಾಜ್ಯಕ್ಕೆ ಬಂದವರು 1970ರ ದಶಕದ ಕೊನೆಗೆ ಒಬ್ಬೊಬ್ಬರಾಗಿ ನಿವೃತ್ತರಾಗುತ್ತಿದ್ದಾಗ ಅವರ ಪಿಂಚಣಿ ಕಾಗದ ತಯಾರಿಸಿದವರಲ್ಲಿ ನಾನೊಬ್ಬ. 1997ರಲ್ಲಿ ಧಾರವಾಡ ಜಿಲ್ಲೆ ಮೂರಾದಾಗ ಗದಗಕ್ಕೆ ಯಾರು, ಹಾವೇರಿಗೆ ಯಾರು ಎಂಬ ಪಟ್ಟಿ ಮಾಡಿದವರಲ್ಲಿಯೂ ನಾನಿದ್ದೆ. ಒಂದು ರಾಜ್ಯದ ವಿಭಜನೆ, ಇನ್ನೊಂದು ಜಿಲ್ಲೆಯದು. ಗಾತ್ರ ಬೇರೆ, ಬಿಡಿಸಬೇಕಾದ ಗಂಟು ಒಂದೇ.

ಎರಡನ್ನೂ ಮಾಡಿ ನಾನು ಮನಗಂಡದ್ದು ಇಷ್ಟು. ಯಾರಿಗೆ ಎಲ್ಲಿಗೆ ಹೋಗಲು ಇಷ್ಟ ಎಂದು ಕೇಳುವ ಮೊದಲು, ಅಂದರೆ ಆಪ್ಶನ್ ಪಡೆಯುವ ಮೊದಲು, ವಿಭಜನೆಯ ಹಿಂದಿನ ದಿನಕ್ಕೆ ಇದ್ದ ಜ್ಯೇಷ್ಠತಾ ಪಟ್ಟಿ, ಅಂದರೆ ಹಿರಿತನದ ಪಟ್ಟಿ, ಅಂತಿಮವಾಗಿ ಎಲ್ಲರ ಕಣ್ಣೆದುರು ಬರಬೇಕು. ಊರು ತಪ್ಪಿದರೆ ನಾಳೆ ವರ್ಗಾವಣೆಯಲ್ಲಿ ಸರಿಹೋದೀತು. ಪಟ್ಟಿಯಲ್ಲಿನ ಸ್ಥಾನ ತಪ್ಪಿದರೆ ಅದು ಪಿಂಚಣಿಯವರೆಗೂ, ಕೆಲವರ ಪಾಲಿಗೆ ಕುಟುಂಬ ಪಿಂಚಣಿಯವರೆಗೂ ಹಿಂಬಾಲಿಸುತ್ತದೆ.

ಇದು ನನಗೆ ತಿಳಿದದ್ದು 1956ರವರ ಸರ್ವಿಸ್ ಬುಕ್ಕುಗಳಿಂದ. ಆ ವರ್ಷದ ನವೆಂಬರ್ 1ರಂದು ಹೊಸ ಮೈಸೂರು ರಾಜ್ಯ ಐದು ಆಡಳಿತಗಳು ಕೂಡಿ ಆಯಿತು. ಹಳೆಯ ಮೈಸೂರಿನ ಜೊತೆಗೆ ಮುಂಬೈ ರಾಜ್ಯದಿಂದ ಧಾರವಾಡ, ವಿಜಾಪುರ, ಉತ್ತರ ಕನ್ನಡ ಮತ್ತು ಚಂದಗಡ ತಾಲೂಕು ಬಿಟ್ಟು ಉಳಿದ ಬೆಳಗಾವಿ ಬಂದವು. ಹೈದರಾಬಾದಿನಿಂದ ಕಲಬುರ್ಗಿ, ರಾಯಚೂರು, ಬೀದರ ಜಿಲ್ಲೆಗಳ ಬಹುಭಾಗ, ಮದ್ರಾಸಿನಿಂದ ಕಾಸರಗೋಡು ಬಿಟ್ಟು ದಕ್ಷಿಣ ಕನ್ನಡ ಮತ್ತು ಕೊಳ್ಳೇಗಾಲ ತಾಲೂಕು, ಮತ್ತೆ ಕೊಡಗು. ನೆಲ ಒಂದೇ ದಿನಕ್ಕೆ ಕೂಡಿತು. ನೌಕರರು ಹಾಗೆ ಕೂಡಲಿಲ್ಲ.

ರಾಜ್ಯ ಪುನರ್ವಿಂಗಡಣಾ ಕಾಯ್ದೆಯ 115ನೇ ಕಲಮನ್ನು ನಾನು ಎಷ್ಟು ಸಲ ಓದಿದ್ದೇನೋ. ಯಾವ ರಾಜ್ಯದ ಭಾಗ ಬೇರೆ ರಾಜ್ಯಕ್ಕೆ ಹೋಯಿತೋ ಆ ರಾಜ್ಯದ ನೌಕರ ಸದ್ಯಕ್ಕೆ ಅದರ ಮುಖ್ಯ ಉತ್ತರಾಧಿಕಾರಿ ರಾಜ್ಯದ (ನಮ್ಮ ಕಡೆಯವರಿಗೆ ಅದು ಹೊಸ ಮುಂಬೈ ರಾಜ್ಯ) ಸೇವೆಯಲ್ಲಿ ಮುಂದುವರಿಯಬೇಕು, ಬೇರೆ ಕಡೆ ಬೇಕಾದರೆ ಕೇಂದ್ರ ಸರಕಾರ ಆದೇಶ ಮಾಡಬೇಕು ಎಂಬುದು ಅದರ ಏರ್ಪಾಡು. ಅಂದರೆ ಧಾರವಾಡದ ಕಲೆಕ್ಟರ್ ಕಚೇರಿಯಲ್ಲಿ ಕುಳಿತ ಕಾರಕೂನ ಮೈಸೂರು ರಾಜ್ಯದವನಾದದ್ದು ತಾನು ಧಾರವಾಡದವನು ಎಂಬ ಕಾರಣಕ್ಕಲ್ಲ, ಕೇಂದ್ರದ ಆದೇಶದಿಂದ. ಅದೂ ಮೊದಲಿಗೆ ತಾತ್ಪೂರ್ತಿಕವಾಗಿ. ಯಾರು ಯಾವ ರಾಜ್ಯಕ್ಕೆ ಕಾಯಮ್ಮಾಗಿ ಸೇರಿದರು, ಯಾವ ದಿನದಿಂದ ಎಂಬುದನ್ನು ಕೇಂದ್ರ ಆಮೇಲೆ ನಿರ್ಧರಿಸಬೇಕಿತ್ತು. ಅದಕ್ಕೆ ನೆರವಾಗಲು, ನೌಕರರ ಮನವಿಗಳನ್ನು ಪರಿಶೀಲಿಸಲು ಸಲಹಾ ಸಮಿತಿಗಳನ್ನು ನೇಮಿಸುವ ಅವಕಾಶವೂ ಅದೇ ಕಲಮಿನಲ್ಲಿತ್ತು. 116ನೇ ಕಲಮು ಇದ್ದಲ್ಲೇ ಇದ್ದ ಹುದ್ದೆಯಲ್ಲೇ ಮುಂದುವರಿಯಲು ಬಿಟ್ಟಿತು. ಆಡಳಿತ ಒಂದು ದಿನವೂ ನಿಲ್ಲಬಾರದೆಂಬ ಈ ಏರ್ಪಾಡು ಬಹಳ ವಿವೇಕದ್ದು ಎಂದು ನಾನು ಇವತ್ತಿಗೂ ಹೇಳುತ್ತೇನೆ. ತೊಡಕು ಹುಟ್ಟಿದ್ದು ಅದರ ಮುಂದಿನ ಹಂತದಲ್ಲಿ, ಹುದ್ದೆಗೆ ಹುದ್ದೆ ಸರಿಗಟ್ಟುವಾಗ.

ತಾಲೂಕಿನ ಮುಖ್ಯಸ್ಥನಿಗೆ ನಮ್ಮ ಕಡೆ ಮಾಮಲೇದಾರ, ಹಳೆಯ ಮೈಸೂರಿನಲ್ಲಿ ಅಮಲ್ದಾರ, ಹೈದರಾಬಾದ್ ಮತ್ತು ಮದ್ರಾಸಿನ ಕಡೆ ತಹಶೀಲ್ದಾರ. ಅಲ್ಲಿಯವರೆಗೆ ಸುಲಭ. ಅವನ ಕೆಳಗೆ ನಮ್ಮಲ್ಲಿ ಅವ್ವಲ್ ಕಾರಕೂನ ಅಂದರೆ ಹಿರಿಯ ಗುಮಾಸ್ತ, ಕಾರಕೂನ, ಕಂದಾಯದ ಸರ್ಕಲ್ ಇನ್ಸ್‌ಪೆಕ್ಟರ್. ಮೈಸೂರಿನಲ್ಲಿ ಶಿರಸ್ತೇದಾರ, ಶೇಕದಾರ. ಹೈದರಾಬಾದಿನಲ್ಲಿ ಗಿರದಾವರ. ಹಳ್ಳಿಯ ಮಟ್ಟಕ್ಕೆ ಇಳಿದರೆ ಮುಂಬೈ ಕಡೆಯ ತಲಾಟಿ ಸಂಬಳದ ಸರಕಾರಿ ನೌಕರ, ಹಳೆಯ ಮೈಸೂರಿನ ಶಾನುಭೋಗ ವಂಶಪರಂಪರೆಯಿಂದ ಬಂದವ. ಇಬ್ಬರೂ ಬರೆಯುತ್ತಿದ್ದದ್ದು ಅದೇ ಪಹಣಿ, ಅದೇ ಕಂದಾಯದ ಲೆಕ್ಕ. ಆದರೂ ಇವರನ್ನು ಒಂದೇ ಪಟ್ಟಿಯಲ್ಲಿ ಕೂಡ್ರಿಸಲು ಆಗುವುದಿಲ್ಲ. 1961ರ ಗ್ರಾಮ ಹುದ್ದೆಗಳ ರದ್ದಿಯಾತಿ ಕಾಯ್ದೆ ಬಂದು, ಗ್ರಾಮ ಲೆಕ್ಕಿಗರೆಂಬ ಹೊಸ ವರ್ಗ ಆದ ಮೇಲೆ ಆ ಗಂಟು ಸಡಿಲಾಯಿತು.

ಹುದ್ದೆಗಳನ್ನು ಸರಿಗಟ್ಟಲು ಒಪ್ಪಿಕೊಂಡ ಅಳತೆಗಳು ನಾಲ್ಕು. ಹುದ್ದೆಯ ಕೆಲಸ ಎಂಥದು. ಅದರ ಹೊಣೆ, ಅಧಿಕಾರ ಮತ್ತು ವ್ಯಾಪ್ತಿ ಎಷ್ಟು. ಅದಕ್ಕೆ ನೇಮಕವಾಗಲು ಬೇಕಾದ ಕನಿಷ್ಠ ವಿದ್ಯಾರ್ಹತೆ ಏನು. ಸಂಬಳ ಎಷ್ಟು. ಮಧ್ಯಪ್ರದೇಶದ ಪ್ರಕರಣವೊಂದರಲ್ಲಿ 1968ರ ಹೊತ್ತಿಗೆ ಸುಪ್ರೀಂ ಕೋರ್ಟ್ ಕೂಡ ಇವನ್ನು ಎತ್ತಿಹಿಡಿಯಿತು. ಸಂಬಳವನ್ನು ಕೊನೆಗೆ ಇಟ್ಟದ್ದರ ಬೆಲೆ ನನಗೆ ಗೊತ್ತಾದದ್ದು ಹಳೆಯ ಕಡತಗಳನ್ನು ಓದುತ್ತ ಹೋದಂತೆ. ಐದು ಆಡಳಿತಗಳಲ್ಲಿ ಒಂದೇ ಕೆಲಸಕ್ಕೆ ಐದು ವೇತನ ಶ್ರೇಣಿ. ಸಂಬಳ ನೋಡಿ ಸರಿಗಟ್ಟಿದ್ದರೆ ಯಾವ ಸರಕಾರ ಕೈಬಿಚ್ಚಿ ಕೊಟ್ಟಿತ್ತೋ ಅದರ ನೌಕರರೆಲ್ಲ ಮೇಲೆ, ಬಿಗಿಹಿಡಿದ ಸರಕಾರದವರೆಲ್ಲ ಕೆಳಗೆ ಆಗುತ್ತಿದ್ದರು. ಮನುಷ್ಯ ಮಾಡಿದ ಕೆಲಸಕ್ಕೆ ಮೊದಲ ಸ್ಥಾನ ಕೊಟ್ಟದ್ದು ನ್ಯಾಯ.

ಆದರೆ ಅಳತೆ ಸರಿಯಿದ್ದರೂ ಕಾಲ ಓಡುತ್ತದೆ. 1-11-1956ಕ್ಕೆ ಇದ್ದ ಸ್ಥಿತಿಯ ಅಂತರರಾಜ್ಯ ಜ್ಯೇಷ್ಠತಾ ಪಟ್ಟಿ ಮೊದಲು ತಾತ್ಪೂರ್ತಿಕವಾಗಿ ಬರುತ್ತಿತ್ತು. ಅದಕ್ಕೆ ಆಕ್ಷೇಪಣೆ, ಮನವಿ, ಕೇಂದ್ರದ ಪರಿಶೀಲನೆ, ಕೋರ್ಟು, ಮತ್ತೆ ತಿದ್ದುಪಡಿ. ಇಷ್ಟರಲ್ಲಿ ಕಚೇರಿ ನಡೆಯಬೇಕಲ್ಲ, ಬಡ್ತಿ ಕೊಡಲೇಬೇಕು. ಹಾಗೆ ಕೊಟ್ಟ ಬಡ್ತಿಗಳ ಮೇಲೆಲ್ಲ ಅಂತಿಮ ಪಟ್ಟಿಗೆ ಒಳಪಟ್ಟು ಎಂಬ ಷರತ್ತು. ಎಷ್ಟೋ ವರ್ಷದ ಮೇಲೆ ಅಂತಿಮ ಪಟ್ಟಿ ಬಂದಾಗ ಮೇಲಿದ್ದವ ಕೆಳಗೆ, ಕೆಳಗಿದ್ದವ ಮೇಲೆ. ಹಿಂದಿನ ದಿನಾಂಕದಿಂದ ಬಡ್ತಿ ಸಿಕ್ಕಂತೆ ಭಾವಿಸಿ ಸಂಬಳ ಮರುನಿಗದಿ, ಅದರ ಮೇಲೆ ಪಿಂಚಣಿ ಮರುನಿಗದಿ. ನಾನು ಸಿಬ್ಬಂದಿ ಶಾಖೆಗೆ ಬಂದಾಗ ಈ ಕೆಲಸ ಇನ್ನೂ ನಡೆದಿತ್ತು.

ನಿವೃತ್ತರಾದ ಅವ್ವಲ್ ಕಾರಕೂನರೊಬ್ಬರು ವಾರಕ್ಕೊಮ್ಮೆ ಬರುತ್ತಿದ್ದರು. ಕಾಗದಗಳನ್ನು ವರ್ಷವಾರು ದಾರ ಕಟ್ಟಿ ಇಟ್ಟುಕೊಂಡ ಶಿಸ್ತಿನ ಮನುಷ್ಯ. ನನ್ನ ಮುಂದೆ ಕುಳಿತು ಕೇಳುತ್ತಿದ್ದದ್ದು ಒಂದೇ: "ತಮ್ಮಾ, ನನ್ನ ನಂಬರ್ ಎಷ್ಟಕ್ಕ ಬಂತು?" ಪಿಂಚಣಿ ಎಷ್ಟು ಏರುತ್ತದೆ ಎಂದು ಅವರು ಒಮ್ಮೆಯೂ ಕೇಳಲಿಲ್ಲ. ಲೆಕ್ಕ ಹಾಕಿದರೆ ವ್ಯತ್ಯಾಸ ದೊಡ್ಡದೇನೂ ಇರಲಿಲ್ಲ. ತಮ್ಮ ಜೊತೆಗೆ ಪರೀಕ್ಷೆ ಪಾಸಾದವರ ಸಾಲಿನಲ್ಲಿ ತಮ್ಮ ಹೆಸರು ಅದರ ಜಾಗದಲ್ಲಿ ಕೂತಿದೆಯೇ ಎಂದಷ್ಟೇ ಅವರಿಗೆ ತಿಳಿಯಬೇಕಿತ್ತು. ನೌಕರನಿಗೆ ಹಿರಿತನ ಅಂದರೆ ಏನು ಎಂದು ಯಾವ ನಿಯಮಾವಳಿಗಿಂತ ಚೆನ್ನಾಗಿ ನನಗೆ ಕಲಿಸಿದವರು ಅವರು.

ಕಾನೂನು ಎಲ್ಲಿಯವರೆಗೆ ರಕ್ಷಿಸುತ್ತದೆ ಎಂಬುದನ್ನೂ ಇಲ್ಲೇ ಹೇಳಬೇಕು, ಯಾಕೆಂದರೆ ಜನ ಇದರಲ್ಲಿ ಬಹಳ ಗೊಂದಲ ಮಾಡಿಕೊಳ್ಳುತ್ತಾರೆ. ನೌಕರನ ಸೇವಾ ಷರತ್ತುಗಳನ್ನು ಕೇಂದ್ರದ ಪೂರ್ವಾನುಮತಿ ಇಲ್ಲದೆ ಅವನಿಗೆ ನಷ್ಟವಾಗುವಂತೆ ಬದಲಿಸಬಾರದು ಎಂದು 115ನೇ ಕಲಮಿನ ಏಳನೇ ಉಪಕಲಮು ಹೇಳುತ್ತದೆ. ಆದರೆ ಕೇಂದ್ರ ಸರಕಾರ 1957ರ ಮೇ 11ರ ಪತ್ರದಲ್ಲಿ ಪ್ರಯಾಣ ಭತ್ಯೆ, ಶಿಸ್ತು, ನಡತೆ, ಪ್ರೊಬೇಷನ್, ಇಲಾಖಾ ಬಡ್ತಿ ಇಂಥವಕ್ಕೆ ಆ ರಕ್ಷಣೆ ಬೇಕಿಲ್ಲ ಎಂದು ರಾಜ್ಯಗಳಿಗೆ ತಿಳಿಸಿತು. ದಕ್ಷಿಣ ಕನ್ನಡದ ನೌಕರರೊಬ್ಬರ ಪ್ರಕರಣದಲ್ಲಿ 1964ರಲ್ಲಿ ಸುಪ್ರೀಂ ಕೋರ್ಟ್ ಆ ಪತ್ರವನ್ನೇ ಪೂರ್ವಾನುಮತಿ ಎಂದು ಒಪ್ಪಿತು. 1967ರಲ್ಲಿ ಮೈಸೂರು ರಾಜ್ಯದ ಸ್ಯಾನಿಟರಿ ಇನ್ಸ್‌ಪೆಕ್ಟರುಗಳ ಪ್ರಕರಣ ಬಂತು. ಅವರ ಜಿಲ್ಲಾವಾರು ಹಿರಿತನವನ್ನು ರಾಜ್ಯಮಟ್ಟದ ಹಿರಿತನವಾಗಿ ಮಾಡಿದ್ದರಿಂದ ಪಟ್ಟಿಯಲ್ಲಿ ಬಹಳ ಕೆಳಗೆ ಇಳಿದಿದ್ದರು. ಬಡ್ತಿಗೆ ಪರಿಗಣಿಸಲ್ಪಡುವುದು ಹಕ್ಕು, ಬಡ್ತಿ ಸಿಗುವ ಸಂಭವ ಹಕ್ಕಲ್ಲ ಎಂದು ಕೋರ್ಟ್ ಹೇಳಿತು. ಈ ತೀರ್ಪು ಗೊತ್ತಿದ್ದರೆ ಹಂಚಿಕೆ ಮಾಡುವವನಿಗೆ ಧೈರ್ಯ ಬರುತ್ತದೆ. ಹೊಣೆಯೂ ಹೆಚ್ಚುತ್ತದೆ. ಕೋರ್ಟು ಕಾಪಾಡದ ಜಾಗದಲ್ಲಿ ನೌಕರನನ್ನು ಕಾಪಾಡುವುದು ಪಟ್ಟಿ ಮಾಡುವವನ ಪ್ರಾಮಾಣಿಕತೆ ಒಂದೇ.

ಇನ್ನು 1997. ಆ ವರ್ಷ ಆಗಸ್ಟಿನಲ್ಲಿ ಜೆ.ಎಚ್. ಪಟೇಲರ ಸರಕಾರ ಏಳು ಹೊಸ ಜಿಲ್ಲೆಗಳನ್ನು ಮಾಡಿತು. ಹದಿನೇಳು ತಾಲೂಕುಗಳ ಧಾರವಾಡದಲ್ಲಿ ಐದು ಉಳಿದವು. ಗದಗ, ರೋಣ, ನರಗುಂದ, ಮುಂಡರಗಿ, ಶಿರಹಟ್ಟಿ ಗದಗಕ್ಕೆ ಹೋದವು. ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ, ಹಿರೇಕೆರೂರು, ಹಾನಗಲ್ಲ, ಸವಣೂರು, ಶಿಗ್ಗಾಂವಿ ಹಾವೇರಿಗೆ. ಜನರಿಗೆ ಇದರಿಂದ ಆದ ಒಳ್ಳೆಯದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಹಿರೇಕೆರೂರಿನ ರೈತ ಒಂದು ಅಪೀಲಿಗಾಗಿ ನೂರು ಕಿಲೋಮೀಟರಿಗೂ ಹೆಚ್ಚು ಬಂದು, ಕೇಸು ಮುಂದಕ್ಕೆ ಹೋಯಿತೆಂದು ತಿಳಿದು, ರಾತ್ರಿ ಬಸ್ಸಿಗೆ ಹಿಂದಿರುಗುವುದು ತಪ್ಪಿತು. ಅದೇ ವರ್ಷ ನವೆಂಬರಿನಲ್ಲಿ ಹುಬ್ಬಳ್ಳಿ ಕೇಂದ್ರವಾಗಿ ವಾಯವ್ಯ ಸಾರಿಗೆ ಸಂಸ್ಥೆಯೂ ಬೇರೆಯಾಯಿತು. ಅವಳಿ ನಗರದ ತುಂಬ ಆಗ ನೌಕರರ ಬಾಯಲ್ಲಿ ಇದೇ ಮಾತು, ಯಾರು ಎಲ್ಲಿಗೆ.

ನಮ್ಮಲ್ಲಿ ಮೇಲಿನ ಹುದ್ದೆಗಳದು ದೊಡ್ಡ ಸಮಸ್ಯೆಯಲ್ಲ. ತಹಶೀಲ್ದಾರರದು ರಾಜ್ಯದ ಪಟ್ಟಿ, ಶಿರಸ್ತೇದಾರರದು ಬೆಳಗಾವಿ ವಿಭಾಗದ ಪಟ್ಟಿ. ಜಿಲ್ಲೆ ಎಷ್ಟು ಒಡೆದರೂ ಅವರ ನಂಬರು ಅಲುಗುವುದಿಲ್ಲ. ಒಡೆಯುವುದು ಜಿಲ್ಲೆಯನ್ನೇ ಘಟಕ ಮಾಡಿಕೊಂಡ ಪಟ್ಟಿ: ಗ್ರಾಮ ಲೆಕ್ಕಿಗರು, ದ್ವಿತೀಯ ದರ್ಜೆ, ಪ್ರಥಮ ದರ್ಜೆ ಸಹಾಯಕರು, ಜವಾನರು. ಅಂದರೆ ವಿಭಜನೆಯ ಭಾರವೆಲ್ಲ ಬೀಳುವುದು ಕಡಿಮೆ ಸಂಬಳದವರ ಮೇಲೆ. ಇದನ್ನು ಮೇಲಿನ ಅಧಿಕಾರಿಗಳು ಸದಾ ನೆನಪಿಡಬೇಕು. ಅವರು ಬರುತ್ತಾರೆ, ಹೋಗುತ್ತಾರೆ, ಅವರ ಹಿರಿತನ ಬೆಂಗಳೂರಿನಲ್ಲಿ ಭದ್ರವಾಗಿರುತ್ತದೆ.

ಮೊದಲು ಹುದ್ದೆಗಳ ಲೆಕ್ಕ ತೆಗೆದೆವು. ತಾಲೂಕುವಾರು ಮಂಜೂರಾದದ್ದು ಎಷ್ಟು, ಭರ್ತಿ ಎಷ್ಟು, ಖಾಲಿ ಎಷ್ಟು. ತಾಲೂಕು ಕಚೇರಿಯ ಹುದ್ದೆ ತಾಲೂಕಿನ ಜೊತೆ ಹೋಗುತ್ತದೆ, ಅದರಲ್ಲಿ ವಾದವಿಲ್ಲ. ಜಿಲ್ಲಾ ಕೇಂದ್ರದ ಹುದ್ದೆಗಳಿಗೆ ಮಾತ್ರ ಪಾಲು ಬೇಕು. ಇಲ್ಲಿ ಎಚ್ಚರ ವಹಿಸಬೇಕಾದದ್ದು ಖಾಲಿ ಹುದ್ದೆಗಳ ವಿಷಯದಲ್ಲಿ. ಹಳೆಯ ಜಿಲ್ಲೆ ತುಂಬಿದ ಕುರ್ಚಿಗಳನ್ನು ತಾನಿಟ್ಟುಕೊಂಡು ಖಾಲಿ ಕುರ್ಚಿಗಳನ್ನು ಹೊಸ ಜಿಲ್ಲೆಗೆ ದಾಟಿಸುವುದು ಬಹಳ ಸುಲಭ. ಕಾಗದದ ಮೇಲೆ ಇಬ್ಬರಿಗೂ ಸಮಪಾಲು ಕಾಣುತ್ತದೆ, ಹೊಸ ಕಚೇರಿಯಲ್ಲಿ ಟಪಾಲು ಒಡೆಯಲು ಮನುಷ್ಯರಿರುವುದಿಲ್ಲ. ಖಾಲಿ ಹುದ್ದೆಯನ್ನೂ ಅದೇ ಪ್ರಮಾಣದಲ್ಲಿ ಮೂರು ಕಡೆ ಹಂಚಬೇಕೆಂದು ನಾನು ಟಿಪ್ಪಣಿಯಲ್ಲಿ ಬರೆದೆ, ಮೇಲಿನವರು ಒಪ್ಪಿದರು.

ಆಮೇಲೆ ಪಟ್ಟಿ. ವಿಭಜನೆಯ ಹಿಂದಿನ ದಿನಕ್ಕೆ ಯಾರು ಎಷ್ಟನೆಯವರು ಎಂಬ ಕರಡು ಜ್ಯೇಷ್ಠತಾ ಪಟ್ಟಿಯನ್ನು ಎಲ್ಲ ತಾಲೂಕು ಕಚೇರಿಗಳ ನೋಟಿಸ್ ಬೋರ್ಡಿಗೆ ಹಚ್ಚಿಸಿ, ಆಕ್ಷೇಪಣೆ ಕರೆದು, ಪ್ರತಿಯೊಂದಕ್ಕೂ ಕಾರಣ ಬರೆದು ಉತ್ತರ ಕೊಟ್ಟು, ಅಂತಿಮ ಮಾಡಿದೆವು. ಆಪ್ಶನ್ ಫಾರ್ಮು ಬೇಗ ಹಂಚಿರಿ ಎಂಬ ಒತ್ತಾಯ ಎಲ್ಲ ಕಡೆಯಿಂದ ಇತ್ತು. ಪಟ್ಟಿ ಆಗದೆ ಫಾರ್ಮು ಕೊಡಬಾರದು ಎಂಬುದಕ್ಕೆ ನಾನು ಗಟ್ಟಿಯಾಗಿ ನಿಂತೆ.

ಕಾರಣ ಎರಡು. ಒಂದು, ಆಪ್ಶನ್ ಮೊದಲು ಬಂದುಬಿಟ್ಟರೆ ಯಾರು ಎಲ್ಲಿ ಎಂಬುದು ಗೊತ್ತಾದ ಮೇಲೆ ಪಟ್ಟಿ ಮಾಡಬೇಕಾಗುತ್ತದೆ, ಆಗ ಪಟ್ಟಿಯ ಪ್ರತಿ ಸಾಲಿನ ಮೇಲೂ ಸಂಶಯ. ಇನ್ನೊಂದು ಇದಕ್ಕಿಂತ ಮುಖ್ಯ. ಪಟ್ಟಿ ಕೈಯಲ್ಲಿದ್ದರೆ ನೌಕರ ತನ್ನ ಬಾಳಿನ ಲೆಕ್ಕ ತಾನೇ ಹಾಕಬಲ್ಲ. ಹುಬ್ಬಳ್ಳಿ-ಧಾರವಾಡದಲ್ಲಿ ಮನೆ ಕಟ್ಟಿದವರು, ಮಕ್ಕಳನ್ನು ಕಾಲೇಜಿಗೆ ಹಾಕಿದವರು ಬಹಳ. ಮನೆ ಬಾಡಿಗೆ ಭತ್ಯೆಯೂ ಇಲ್ಲಿ ಹೆಚ್ಚು. ಎಲ್ಲರೂ ಧಾರವಾಡ ಎಂದೇ ಬರೆಯುತ್ತಾರೆ ಎಂದು ಅಂದುಕೊಂಡಿದ್ದೆವು. ಪಟ್ಟಿ ನೋಡಿದ ಮೇಲೆ ಕೆಲವು ಕಿರಿಯರು ಬಂದು ಕೇಳತೊಡಗಿದರು:

"ಸಾಹೇಬ್ರ, ನಾ ಹಾವೇರಿಗೆ ಹೋದ್ರ ನನ್ನ ಮುಂದ ಎಷ್ಟ್ ಮಂದಿ ಇರ್ತಾರ್ರೀ?"

ಎಣಿಸಿ ಹೇಳುತ್ತಿದ್ದೆ. ಹಿರಿಯರೆಲ್ಲ ಧಾರವಾಡದಲ್ಲೇ ಉಳಿದರೆ ಅವರ ಹಿಂದೆ ನಿಂತವನಿಗೆ ಪ್ರಥಮ ದರ್ಜೆಯ ಬಡ್ತಿ ತಡವಾಗಿ ಬರುತ್ತದೆ. ಹಾವೇರಿಯಲ್ಲೋ ಗದಗಿನಲ್ಲೋ ಮುಂದಿನ ಸಾಲು ತೆಳ್ಳಗಿರುತ್ತದೆ. ಹೀಗೆ ಲೆಕ್ಕ ಹಾಕಿ ಖುಷಿಯಿಂದ ಹೋದವರಿದ್ದಾರೆ, ಅಲ್ಲಿಯೇ ಬೆಳೆದು ದೊಡ್ಡ ಹುದ್ದೆಯಿಂದ ನಿವೃತ್ತರಾದವರಿದ್ದಾರೆ. ಒತ್ತಾಯದ ಆದೇಶಗಳ ಸಂಖ್ಯೆ ಕಡಿಮೆಯಾದದ್ದು ಈ ಪಟ್ಟಿಯಿಂದ, ನಮ್ಮ ಉಪದೇಶದಿಂದಲ್ಲ.

ಇಷ್ಟಾದರೂ ಹೊಸ ಜಿಲ್ಲೆಗಳಿಗೆ ಜನ ಕಡಿಮೆ ಬಿದ್ದರು. ಉಳಿದ ಜಾಗಕ್ಕೆ ಪಟ್ಟಿಯ ಕೆಳಗಿನಿಂದ, ಅಂದರೆ ತೀರ ಕಿರಿಯರಿಂದ ಆರಂಭಿಸಿ ಕಳಿಸುವುದು ಎಂಬ ನಿಯಮ ಹಿಡಿದೆವು. 2000ದಲ್ಲಿ ಜಾರ್ಖಂಡ, ಉತ್ತರಾಖಂಡ, ಛತ್ತೀಸಗಡ ರಾಜ್ಯಗಳಾದಾಗಲೂ ಆಯ್ಕೆ, ಸ್ವಂತ ನೆಲೆ, ಕೊನೆಗೆ ಕಿರಿಯರು ಎಂಬ ಇದೇ ಕ್ರಮ ಬಂದದ್ದನ್ನು ಓದಿ ಸಮಾಧಾನವಾಯಿತು. ಕಿರಿಯರಿಂದ ಎಣಿಸಲು ಹೊರಟಾಗ ಯಾರನ್ನು ಬಿಡಬೇಕು ಎಂಬುದನ್ನೂ ಮೊದಲೇ ಬರೆದು ಹಚ್ಚಬೇಕು. ಗಂಡ-ಹೆಂಡತಿ ಇಬ್ಬರೂ ನೌಕರಿಯಲ್ಲಿದ್ದರೆ ಒಂದೇ ಕಡೆ. ಗಂಡ ತೀರಿಕೊಂಡು ಸಣ್ಣ ಮಕ್ಕಳೊಂದಿಗೆ ಇರುವ ತಾಯಿ, ಅಂಗವಿಕಲರು, ದೊಡ್ಡ ಕಾಯಿಲೆಗೆ ಚಿಕಿತ್ಸೆ ಪಡೆಯುತ್ತಿರುವವರು, ನಿವೃತ್ತಿ ಹತ್ತಿರ ಬಂದವರು, ಇವರಿಗೆ ಕೇಳಿದ ಕಡೆ. ಹೆಸರುಗಳು ಬರುವ ಮೊದಲು ನಿಯಮ ಬಂದರೆ ಅದಕ್ಕೆ ನಿಯಮದ ಬೆಲೆ ಇರುತ್ತದೆ.

ಒಬ್ಬ ಗುಮಾಸ್ತ ಅಕ್ಕಾರು, ಗಂಡ ಖಾಸಗಿ ಕಾರಖಾನೆಯಲ್ಲಿ ದುಡಿಯುವವರು, ನಮ್ಮ ನಿಯಮಕ್ಕೆ ಹೊರಗಾದರು. ಸರಕಾರಿ ನೌಕರಿಯ ದಂಪತಿಗೆ ಮಾತ್ರ ಅದು ಲಾಗೂ. "ಖಾಸಗಿ ನೌಕರಿ ಅಂದ್ರ ಸಂಸಾರ ಅಲ್ಲೇನ್ರೀ?" ಎಂದು ಕೇಳಿದರು. ಅವರ ಮಾತು ನ್ಯಾಯವಾಗಿತ್ತು, ನಿಯಮದಲ್ಲಿ ಜಾಗವಿರಲಿಲ್ಲ. ಹಾವೇರಿ ಜಿಲ್ಲೆಯಲ್ಲೇ ಹುಬ್ಬಳ್ಳಿಗೆ ಹತ್ತಿರದ ಶಿಗ್ಗಾಂವಿಗೆ ಹಾಕಬಹುದೆಂದು ಬರೆದೆ, ಹಾಗೇ ಆಯಿತು. ಹೆದ್ದಾರಿಯ ಮೇಲಿನ ಊರಾದ್ದರಿಂದ ಹೋಗಿಬರಲು ಬಸ್ಸಿನ ಕೊರತೆ ಇರಲಿಲ್ಲ. ಹಂಚಿಕೆಯಲ್ಲಿ ಮಾಡಬಹುದಾದ ಉಪಕಾರ ಹೆಚ್ಚಾಗಿ ಇಷ್ಟೇ: ಜಿಲ್ಲೆ ಬದಲಿಸಲಾಗದಿದ್ದರೆ ತಾಲೂಕು ಆರಿಸಿ ಕೊಡುವುದು. ಇದಕ್ಕೆ ತಾಲೂಕುಗಳ ದಾರಿ, ಬಸ್ಸು, ಶಾಲೆ ಎಲ್ಲ ಪಟ್ಟಿ ಮಾಡುವವನ ತಲೆಯಲ್ಲಿರಬೇಕು.

ಈಗ ಎಲ್ಲಕ್ಕಿಂತ ಸೂಕ್ಷ್ಮದ ಮಾತು. ನಮ್ಮ ರಾಜ್ಯದ 1957ರ ಜ್ಯೇಷ್ಠತಾ ನಿಯಮಗಳ 6ನೇ ನಿಯಮದ ಪ್ರಕಾರ ಸಾರ್ವಜನಿಕ ಹಿತಕ್ಕಾಗಿ ಒಂದು ಘಟಕದಿಂದ ಇನ್ನೊಂದಕ್ಕೆ ಹೋದವನ ಹಿರಿತನ ಉಳಿಯುತ್ತದೆ. ಸ್ವಂತ ಕೋರಿಕೆಯ ಮೇಲೆ ಹೋದವ ಹೊಸ ಘಟಕದಲ್ಲಿ ಆ ದಿನ ಇರುವ ಎಲ್ಲರ ಕೆಳಗೆ ಕೂಡಬೇಕು. ಆಪ್ಶನ್ ಕೊಟ್ಟವನು ಒಂದು ರೀತಿಯಲ್ಲಿ ಕೇಳಿಕೊಂಡೇ ಹೋದವನಲ್ಲವೇ? ಆದೇಶ ಬರೆಯುವ ಗುಮಾಸ್ತ ರೂಢಿಯ ಪ್ರಕಾರ "ಸದರಿಯವರ ಕೋರಿಕೆಯ ಮೇರೆಗೆ" ಎಂದು ಬರೆದರೆ ಮುಗಿಯಿತು, ಹದಿನೈದು ವರ್ಷದ ಸೇವೆಯವ ನಿನ್ನೆ ಸೇರಿದವನ ಹಿಂದೆ ನಿಲ್ಲುತ್ತಾನೆ. ಅನ್ನದಲ್ಲಿನ ಹರಳ ಹಾಗೆ ಇದು, ಬಡಿಸುವಾಗ ಕಾಣದು, ಕಡಿದಾಗಲೇ ಗೊತ್ತಾಗುವುದು. ಬಡ್ತಿ ಸಮಿತಿ ಕೂಡುವ ದಿನ, ಎಷ್ಟೋ ವರ್ಷದ ಮೇಲೆ, ಬೇರೆ ಜಿಲ್ಲೆಯ ಬೇರೆ ಗುಮಾಸ್ತ ಆ ಆದೇಶ ಓದುತ್ತಾನೆ.

ಆದ್ದರಿಂದ ನಮ್ಮ ಆದೇಶದ ಕರಡಿನಲ್ಲಿ ಮೂರು ಸಂಗತಿ ಬಿಡದೆ ಬರೆಸಿದೆ. ಇದು ಜಿಲ್ಲಾ ವಿಭಜನೆಯ ನಿಮಿತ್ತ ಸಾರ್ವಜನಿಕ ಹಿತಕ್ಕಾಗಿ ಮಾಡಿದ ಹಂಚಿಕೆ. ನೌಕರ ಕೊಟ್ಟ ಆಪ್ಶನ್ ಹಂಚಿಕೆಯ ಅನುಕೂಲಕ್ಕಾಗಿ ಪಡೆದದ್ದು, ಅದು ವರ್ಗಾವಣೆಯ ಅರ್ಜಿಯಲ್ಲ. ಅವನ ಹಿರಿತನ ಅಂತಿಮ ಪಟ್ಟಿಯ ಇಂಥ ಕ್ರಮಾಂಕದಂತೆ ಹೊಸ ಜಿಲ್ಲೆಯಲ್ಲೂ ಮುಂದುವರಿಯುತ್ತದೆ. ಜೊತೆಗೆ ಆಪ್ಶನ್ ಕೊಡಲು ಕೊನೆಯ ದಿನ ಗೊತ್ತುಪಡಿಸಿ, ಆ ದಿನದ ನಂತರ ಬಂದದ್ದೆಲ್ಲ ಮಾಮೂಲಿ ಕೋರಿಕೆಯೇ ಎಂದು ಮೊದಲೇ ಸುತ್ತೋಲೆ ಕಳಿಸಿದೆವು. ಹಂಚಿಕೆ ಮುಗಿದ ವರ್ಷಗಳ ಮೇಲೆ ಧಾರವಾಡಕ್ಕೆ ಮರಳಲು ಬಯಸಿದವರಿಗೆ ಬಹಳ ನೋವಾಯಿತು, ಹಿರಿತನ ಬಿಟ್ಟು ಬರಬೇಕಾಯಿತು. ಆದರೆ ಆ ಬಾಗಿಲನ್ನು ತೆರೆದೇ ಇಟ್ಟಿದ್ದರೆ ಹೊಸ ಜಿಲ್ಲೆಯಲ್ಲಿ ನೆಲೆನಿಂತವರ ಸ್ಥಾನ ಪ್ರತಿ ವರ್ಷ ಅಲುಗುತ್ತಿತ್ತು.

ಕಣ್ಣಿಗೆ ಬೀಳದ ನೌಕರರ ಬಗ್ಗೆ ಬರೆಯದಿದ್ದರೆ ಈ ಅನುಭವ ಅರ್ಧವಾಗುತ್ತದೆ. ಹಾಜರಿ ಪುಸ್ತಕ ನೋಡಿ ಪಟ್ಟಿ ಮಾಡಿದರೆ ಬಿಟ್ಟುಹೋಗುವವರು ಬಹಳ ಜನ. ದೀರ್ಘ ರಜೆಯಲ್ಲಿದ್ದವರು, ಹೆರಿಗೆ ರಜೆಯಲ್ಲಿದ್ದವರು, ಬೇರೆ ಇಲಾಖೆಗೆ ನಿಯೋಜನೆ ಮೇಲೆ ಹೋದವರು, ತರಬೇತಿಗೆ ಹೋದವರು. ಅಮಾನತ್ತಿನಲ್ಲಿದ್ದವನ ಪಾಡು ಎಲ್ಲರಿಗಿಂತ ಕಠಿಣ. ಅವನ ಜೀವನಾಂಶ ಭತ್ಯೆ ಯಾವ ಜಿಲ್ಲೆ ಕೊಡಬೇಕು? ಅವನ ಇಲಾಖಾ ವಿಚಾರಣೆಗೆ ಇನ್ನು ಮುಂದೆ ಶಿಸ್ತು ಪ್ರಾಧಿಕಾರಿ ಯಾರು? ಸಾಕ್ಷಿಗಳು ಒಂದು ಜಿಲ್ಲೆಯಲ್ಲಿ, ಕಡತ ಇನ್ನೊಂದರಲ್ಲಿ, ಮನುಷ್ಯ ಎಲ್ಲಿಯೂ ಇಲ್ಲ. ಹಾಗಾಗಿ ನಾನು ಹಾಜರಿ ಪುಸ್ತಕ ಬಿಟ್ಟು, ನೇಮಕಾತಿ ಆದೇಶಗಳ ಕಡತದಿಂದ ಪಟ್ಟಿ ಕಟ್ಟುತ್ತ ಬಂದೆ. ನೇಮಕವಾದ ಪ್ರತಿಯೊಬ್ಬನೂ ಈಗ ಎಲ್ಲಿದ್ದಾನೆ: ಕೆಲಸದಲ್ಲಿ, ರಜೆಯಲ್ಲಿ, ಅಮಾನತ್ತಿನಲ್ಲಿ, ನಿವೃತ್ತಿ, ರಾಜೀನಾಮೆ, ಮರಣ. ನಿಧಾನದ ಕೆಲಸ, ಆದರೆ ಯಾರೂ ತಪ್ಪಿಹೋಗುವುದಿಲ್ಲ. ವಿಚಾರಣೆ ಬಾಕಿ ಇದ್ದವರನ್ನು ಆರೋಪ ನಡೆದ ತಾಲೂಕು ಯಾವ ಜಿಲ್ಲೆಗೆ ಹೋಯಿತೋ ಅಲ್ಲಿಗೇ ಹಂಚುವುದು ಒಳ್ಳೆಯದು, ಕಡತ ಮತ್ತು ಸಾಕ್ಷಿ ಎರಡೂ ಕೈಗೆಟಕುತ್ತವೆ.

ನೌಕರಿಯಲ್ಲಿದ್ದಾಗಲೇ ತೀರಿಕೊಂಡವರ ಮಕ್ಕಳ ಅನುಕಂಪದ ನೇಮಕಾತಿ ಅರ್ಜಿಗಳೂ ಇದ್ದವು. ಮೃತ ನೌಕರ ಪಟ್ಟಿಯಲ್ಲಿ ಇರುವುದಿಲ್ಲ, ಅವನ ಪರವಾಗಿ ಮಾತಾಡುವ ಸಂಘವೂ ಇರುವುದಿಲ್ಲ. ಈ ಅರ್ಜಿಗಳನ್ನು ಬೇರೆ ಕಟ್ಟು ಮಾಡಿ, ಮೃತರು ಕೊನೆಗೆ ಕೆಲಸ ಮಾಡಿದ ತಾಲೂಕಿನ ಜಿಲ್ಲೆಗೆ ಅರ್ಜಿ ಬಂದ ತಾರೀಖಿನ ಕ್ರಮದಲ್ಲಿ ಕೈಯಾರೆ ಒಪ್ಪಿಸಿ ಸಹಿ ಪಡೆದೆವು. ಅವುಗಳಲ್ಲಿ ನೌಕರಿ ಪಡೆದ ಹುಡುಗರು ಈಗ ನಿವೃತ್ತಿಯ ಹೊಸ್ತಿಲಲ್ಲಿದ್ದಾರೆ. ನನ್ನ ಇಡೀ ನೌಕರಿಯಲ್ಲಿ ನನಗೆ ಅತ್ಯಂತ ತೃಪ್ತಿ ಕೊಟ್ಟ ಕೆಲಸ ಅದು.

ಮೀಸಲಾತಿ ರೋಸ್ಟರಿನ ಬಗ್ಗೆ, ಅಂದರೆ ಯಾವ ಹುದ್ದೆ ಯಾವ ವರ್ಗಕ್ಕೆ ಎಂದು ಕ್ರಮವಾಗಿ ಬರೆದಿಡುವ ಪುಸ್ತಕದ ಬಗ್ಗೆ, ಸ್ವಲ್ಪ ಹೇಳುತ್ತೇನೆ. ಆಗ ಪರಿಶಿಷ್ಟ ಜಾತಿಗೆ ಶೇ 15, ಪರಿಶಿಷ್ಟ ಪಂಗಡಕ್ಕೆ ಶೇ 3. ಬರೀ ಕಿರಿತನ ಮತ್ತು ಆಪ್ಶನ್ ನೋಡಿ ಹಂಚಿದರೆ ಒಂದು ಜಿಲ್ಲೆಯಲ್ಲಿ ಪ್ರಮಾಣಕ್ಕಿಂತ ಹೆಚ್ಚು, ಇನ್ನೊಂದರಲ್ಲಿ ಬಾಕಿ ಆಗುತ್ತದೆ. ಮುಂದೆ ಹೆಚ್ಚಾದ ಕಡೆ ಆ ವರ್ಗದ ಬಡ್ತಿ ನಿಂತುಹೋಗುತ್ತದೆ. ಹಂಚಿಕೆಯ ಪಟ್ಟಿ ಅಂತಿಮ ಮಾಡುವ ಮೊದಲು ಮೂರೂ ಜಿಲ್ಲೆಯ ರೋಸ್ಟರ್ ಪುಸ್ತಕಗಳನ್ನು ಒಟ್ಟಿಗೆ ಬಿಚ್ಚಿಟ್ಟು ನೋಡಲೇಬೇಕು. ಇದನ್ನು ಆಮೇಲೆ ಸರಿಪಡಿಸಲು ದಾರಿಯಿಲ್ಲ.

ಸರ್ವಿಸ್ ಬುಕ್, ರಜೆ ಲೆಕ್ಕ, ಅಂತಿಮ ವೇತನ ಪತ್ರ (ಹಳೆಯ ಕಚೇರಿ ಕೊನೆಗೆ ಕೊಟ್ಟ ಸಂಬಳದ ದಾಖಲೆ), ಕೆಜಿಐಡಿ ಎಂಬ ಸರಕಾರಿ ವಿಮೆಯ ಪಾಲಿಸಿ, ಜಿಪಿಎಫ್ ಎಂಬ ಭವಿಷ್ಯನಿಧಿಯ ಖಾತೆ, ಹಬ್ಬದ ಮುಂಗಡ, ಮನೆ ಸಾಲದ ಕಂತು, ಇವೆಲ್ಲ ನೌಕರನ ಜೊತೆಗೇ ಹೋಗಬೇಕು, ಹಿಂದೆ ಬರುತ್ತವೆ ಎಂದು ಕಳಿಸಬಾರದು. ಹೊಸ ಜಿಲ್ಲೆಯ ಒಂದು ಕಚೇರಿಯಲ್ಲಿ ಅಂತಿಮ ವೇತನ ಪತ್ರ ಬಂದಿಲ್ಲವೆಂದು ಸಂಬಳ ನಿಂತವರನ್ನು ನೋಡಿದೆ. ದೀಪಾವಳಿ ಮುಂದಿತ್ತು. ಆಮೇಲೆ ಬಿಡುಗಡೆ ಆದೇಶದ ಜೊತೆ ಈ ಕಾಗದಗಳ ಪಟ್ಟಿ ಲಗತ್ತಿಸಿ, ತಂದೊಪ್ಪಿಸಿದ್ದಕ್ಕೆ ರಸೀದಿ ಬಂದ ಮೇಲೆಯೇ ಕಡತ ಮುಚ್ಚುವ ಪದ್ಧತಿ ಹಾಕಿಕೊಂಡೆವು.

2014ರ ಜೂನ್ 2ರಂದು ತೆಲಂಗಾಣ ಆದಾಗ ನಾನು ನಿವೃತ್ತನಾಗಿದ್ದೆ. ಆದರೂ ಅಲ್ಲಿನ ನೌಕರರ ಹಂಚಿಕೆಗೆ ನೇಮಿಸಿದ ಕಮಲನಾಥನ್ ಸಮಿತಿಯ ಕೆಲಸವನ್ನು ಪತ್ರಿಕೆಗಳಲ್ಲಿ ಹಿಂಬಾಲಿಸಿದೆ. ಅಲ್ಲಿ ಒಂದು ದೊಡ್ಡ ಅನುಕೂಲವಿತ್ತು. ಸಂವಿಧಾನದ 371-ಡಿ ವಿಧಿಯಡಿ 1975ರಿಂದಲೇ ಜಿಲ್ಲಾ ಮತ್ತು ವಲಯ ಮಟ್ಟದಲ್ಲಿ ನೌಕರರ ಸ್ಥಳೀಯ ವರ್ಗಗಳು (ಕೇಡರ್) ಇದ್ದುದರಿಂದ ಆ ನೌಕರರು ಇದ್ದಲ್ಲೇ ಉಳಿದರು. ರಾಜ್ಯಮಟ್ಟದ ಹುದ್ದೆಗಳನ್ನು ಮಾತ್ರ ಜನಸಂಖ್ಯೆಯ ಪ್ರಮಾಣದಲ್ಲಿ, ಆಂಧ್ರಕ್ಕೆ 58.32, ತೆಲಂಗಾಣಕ್ಕೆ 41.68ರಂತೆ ಹಂಚಬೇಕಾಯಿತು. ಎಲ್ಲಿ ಎರಡೂ ಕಡೆ ಒಪ್ಪಿದ ಪಟ್ಟಿ ಇರಲಿಲ್ಲವೋ ಅಲ್ಲಿ ಜಗಳ ಹೊತ್ತಿತು. ವಿದ್ಯುತ್ ಕಂಪನಿಗಳ ನೌಕರರನ್ನು 2015ರಲ್ಲಿ ಒಂದು ಕಡೆಯವರು ಬಿಡುಗಡೆ ಮಾಡಿದರು, ಇನ್ನೊಂದು ಕಡೆಯವರು ಸೇರಿಸಿಕೊಳ್ಳಲಿಲ್ಲ. 2018ರಲ್ಲಿ ಸುಪ್ರೀಂ ಕೋರ್ಟು ನ್ಯಾಯಮೂರ್ತಿ ಧರ್ಮಾಧಿಕಾರಿಯವರ ಸಮಿತಿ ನೇಮಿಸಬೇಕಾಯಿತು. ಆ ನಡುವಿನ ವರ್ಷಗಳಲ್ಲಿ ಆ ಮನೆಗಳು ಹೇಗೆ ದಿನ ದೂಡಿದವೋ ಎಂದು ಯೋಚಿಸಿ ನನಗೆ ಸಂಕಟವಾಗುತ್ತಿತ್ತು.

2018ರಲ್ಲಿ ನಮ್ಮ ಸುತ್ತಲೂ ಅಳ್ನಾವರ, ಅಣ್ಣಿಗೇರಿ, ಲಕ್ಷ್ಮೇಶ್ವರ, ಗಜೇಂದ್ರಗಡ, ರಟ್ಟೀಹಳ್ಳಿ ಹೊಸ ತಾಲೂಕುಗಳಾದವು. ಶಾಖೆಯ ಹುಡುಗರು ಫೋನು ಮಾಡಿ ಕೇಳುತ್ತಿದ್ದರು. ತಾಲೂಕು ಒಡೆದರೆ ಜಿಲ್ಲೆಯ ಪಟ್ಟಿ ಒಡೆಯುವುದಿಲ್ಲ, ಹುದ್ದೆ ಮಾತ್ರ ಸರಿಯುತ್ತದೆ, ಹೆದರಬೇಡಿ ಎಂದೆ. ಆದರೂ ಸರ್ವಿಸ್ ಬುಕ್ಕಿನ ನಮೂದು ಬಿಡಬೇಡಿ: ಆದೇಶದ ಸಂಖ್ಯೆ, ತಾರೀಖು, ಜ್ಯೇಷ್ಠತಾ ಪಟ್ಟಿಯ ಕ್ರಮಾಂಕ, ಹೊಸ ತಾಲೂಕು ಆದ ಕಾರಣ ಹಂಚಿಕೆ ಎಂಬ ಸ್ಪಷ್ಟ ಒಕ್ಕಣೆ, ಅಧಿಕಾರಿಯ ಸಹಿ. ನೌಕರನಿಗೆ ಓದಿಸಿ, ಅವನ ಸಹಿಯನ್ನೂ ಅದೇ ದಿನ ಹಾಕಿಸಿ, ಒಂದು ನಕಲು ಅವನ ಕೈಗೆ ಕೊಟ್ಟು ಕಳಿಸಿ.